ಹೂಂಗುಟ್ಟುವ ಕೆಲಸ

ಕಥೆ ಹೇಳುವವನಿಗೆ ಹೂಂಗುಟ್ಟುವವರು ಬೇಕು. ಅವರಿಲ್ಲದಿದ್ದರೆ ರಾಜನೂ ಕಾಡಿಗೆ ಹೋಗುವುದಿಲ್ಲ, ರಾಕ್ಷಸನೂ ಗುಹೆಯಿಂದ ಏಳುವುದಿಲ್ಲ. ನನ್ನ ಅಕ್ಕನ ಮಗಳು ಚಿಕ್ಕಂದಿನಲ್ಲಿ ಈ ಕೆಲಸದಲ್ಲಿ ಎತ್ತಿದ ಕೈ. ರಜೆಯಲ್ಲಿ ಮಕ್ಕಳನ್ನೆಲ್ಲ ಸುತ್ತ ಕೂರಿಸಿಕೊಂಡು ನಾನು ಕಥೆ ಹೇಳುತ್ತಿದ್ದರೆ ಉಳಿದವರ ಹೂಂ ಮೆಲ್ಲಗೆ ನಿದ್ದೆಯ ಕಡೆಗೆ ಜಾರುತ್ತಿತ್ತು. ಇವಳದು ಮಾತ್ರ ಕಥೆಯ ಕೈ ಹಿಡಿದೇ ನಡೆಯುತ್ತಿತ್ತು. ಭಯದ ಹೂಂ ಬೇರೆ, ನಂಬದ ಹೂಂ ಬೇರೆ, ‘ಬೇಗ ಮುಂದಕ್ಕೆ ಹೇಳು’ ಎಂಬ ಹೂಂ ಬೇರೆ. ರಾಜನಿಗೆ ಇಬ್ಬರು ಮಕ್ಕಳೆಂದು ಮೊದಲು ಹೇಳಿ, ಮರೆತು, ಆಮೇಲೆ ಮೂವರೆಂದರೆ ಹೂಂ ಅಲ್ಲಿಯೇ ನಿಂತುಬಿಡುತ್ತಿತ್ತು.

“ಮಾವ, ಇನ್ನೊಬ್ಬ ಯಾವಾಗ ಹುಟ್ಟಿದ?”

ಅವಳಿಗೆ ‘ಹೂಂಗುಟ್ಟಿ’ ಎಂದು ಹೆಸರಿಟ್ಟವನು ನಾನೇ.

ದೊಡ್ಡವಳಾಗಿ ಅವಳು ಹಿಡಿದ ಕೆಲಸವೂ ಅದೇ ಆಯಿತು. ಸಂಕಟದಲ್ಲಿರುವ ಹೆಂಗಸರು ಫೋನ್ ಮಾಡಿ ಮನಸ್ಸು ಬಿಚ್ಚುವ ಸಹಾಯವಾಣಿಯೊಂದರಲ್ಲಿ ಕೇಳುವವಳಾದಳು. ಅವಳು ಮರೆತುಹೋದ ಊಟದ ಡಬ್ಬಿ ಕೊಡಲು ಹೋಗಿ ಆ ಆಫೀಸನ್ನು ಒಮ್ಮೆ ನೋಡಿದ್ದೇನೆ. ಕೆಳಗೆ ಚಪ್ಪಲಿ ಅಂಗಡಿ, ಮಹಡಿಯ ಮೇಲೆ ಇವರ ಕೋಣೆ. ನಾಲ್ಕು ಮೇಜು, ನಡುನಡುವೆ ಪ್ಲೈವುಡ್ಡಿನ ಅಡ್ಡಗೋಡೆ, ಬೀದಿಯ ಗದ್ದಲ ಒಳಗೆ ಬಾರದಿರಲೆಂದು ಕಿಟಕಿಗೆ ದಪ್ಪ ಪರದೆ. ಕರೆ ಮಾಡಿದವರ ಹೆಸರನ್ನು ಕೇಳುವಂತಿಲ್ಲ, ನಂಬರು ಇವರಿಗೆ ಕಾಣುವುದಿಲ್ಲ. ಆ ಭರವಸೆಯ ಮೇಲೆಯೇ ಅವರು ಬಾಯಿ ಬಿಡುವುದು. ಬುದ್ಧಿ ಹೇಳುವಂತೆಯೂ ಇಲ್ಲ.

“ಮುಖ ಕಾಣಲ್ವಲ್ಲ ಮಾವ, ತಲೆಯಾಡಿಸಿದ್ರೆ ಅವರಿಗೇನು ಗೊತ್ತಾಗುತ್ತೆ? ನಾವಿಲ್ಲಿ ಇದೀವಿ ಅಂತ ತಿಳಿಯೋದೇ ಹೂಂ ಅನ್ನೋದ್ರಿಂದ” ಎಂದಿದ್ದಳು.

ಪಕ್ಕದ ಮೇಜಿನ ಗೆಳತಿಯನ್ನು ಅಲ್ಲಿ ಎಲ್ಲರೂ ಗುಂಡಕ್ಕ ಎನ್ನುತ್ತಿದ್ದರು. ಅವಳು ಡಬ್ಬಿಯ ಮುಚ್ಚಳ ಎತ್ತಿ ಮೂಸುತ್ತ, “ಮೇಷ್ಟ್ರೇ, ನಿಮ್ಮ ಕಥೆಗೆ ಪುಕ್ಕಟೆ ಹೂಂ ಅಂದ್ಲು, ಈಗ ಅದಕ್ಕೇ ಸಂಬಳ ತಗೋತಾಳೆ. ನಿಮ್ಮ ಸೋದರಸೊಸೆ ಬಲು ಜಾಣೆ” ಎಂದು ನಗಿಸಿದ್ದಳು.

ಮೊದಮೊದಲು ಹೂಂಗುಟ್ಟಿ ಮನೆಗೆ ಬಂದು ಅಳುತ್ತಿದ್ದಳು. ಯಾರ ಸಂಕಟವೆಂದು ಹೇಳುತ್ತಿರಲಿಲ್ಲ, ಸುಮ್ಮನೆ ಅಕ್ಕಿ ತೊಳೆಯುತ್ತ ಕಣ್ಣೊರೆಸಿಕೊಳ್ಳುತ್ತಿದ್ದಳು. ಆಮೇಲೆ ಅಳು ನಿಂತಿತು. ಮಗಳು ಗಟ್ಟಿಯಾದಳು ಎಂದು ನಮ್ಮಕ್ಕ ಸಂತೋಷಪಟ್ಟಳು. ನಾಲ್ವರಲ್ಲಿ ಇಬ್ಬರು ಕೆಲಸ ಬಿಟ್ಟು ಹೋದರು, ಅವರ ಜಾಗಕ್ಕೆ ಯಾರೂ ಬರಲಿಲ್ಲ. ಭಾರವಾದ ಕರೆಯೊಂದು ಮುಗಿದರೆ ಎದ್ದು ತಾರಸಿಯ ಮೇಲೆ ಒಂದು ಸುತ್ತು ಹಾಕಿ ಬರಬೇಕೆಂಬ ಪದ್ಧತಿಯಿತ್ತು. ಅದೂ ತಪ್ಪಿತು. ಒಂದು ಫೋನ್ ಇಡುವಷ್ಟರಲ್ಲಿ ಇನ್ನೊಂದು ಬಡಿದುಕೊಳ್ಳುತ್ತಿತ್ತು. ಮನೆಯಲ್ಲಿ ಅವಳು ರೇಡಿಯೋ ಆರಿಸಿದಳು, ಬಾಗಿಲ ಗಂಟೆಯ ತಂತಿ ಕಿತ್ತಿಟ್ಟಳು.

ಒಂದು ಭಾನುವಾರ ಹೂಂಗುಟ್ಟಿಯ ಮನೆಯಲ್ಲಿ ಊಟಕ್ಕೆ ಕೂತಿದ್ದೆವು. ಅವಳ ಮಗಳು, ಎರಡನೆಯ ತರಗತಿಯ ಪೋರಿ, ನನ್ನ ಕಡೆಗೆ ಕಣ್ಣು ಮಿಟುಕಿಸಿ, “ತಾತ, ಒಂದು ತಮಾಷೆ ನೋಡು” ಎಂದಳು.

“ಅಮ್ಮ, ನಮ್ಮ ಸ್ಕೂಲಿಗೆ ಆನೆ ಬಂದಿತ್ತು.”

“ಹೂಂ.”

“ಬಂದು ಮಿಸ್ಸನ್ನ ತಿಂದ್ಬಿಡ್ತು.”

“ಹೂಂ… ನಿನಗೆ ತುಂಬಾ ಕಷ್ಟ ಆಗಿರ್ಬೇಕು.”

“ಆಮೇಲೆ ನನ್ನೂ ತಿಂತು.”

“ಹೂಂ. ನಿಧಾನವಾಗಿ ಹೇಳಿ, ನಾನು ಕೇಳ್ತಾ ಇದೀನಿ.”

ಪೋರಿ ಬಿದ್ದು ಬಿದ್ದು ನಕ್ಕಳು. ಅವಳ ಅಪ್ಪ ಸಾರಿನ ಸೌಟು ಹಿಡಿದುಕೊಂಡೇ, “ಊರಿಗೆ ಉಪಕಾರಿ, ಮನೆಗೆ ಮಾರಿ. ನಾವೂ ನಂಬರ್ ಹಚ್ಚಿಯೇ ಮಾತಾಡ್ಬೇಕೇನೋ” ಎಂದ. ಹೂಂಗುಟ್ಟಿ ಎಲ್ಲರ ಮುಖವನ್ನೂ ನೋಡಿದಳು. ಏನಾಯಿತೆಂದು ಅವಳಿಗೆ ತಿಳಿದಿರಲಿಲ್ಲ. ಅವಳ ಹೂಂಗಳು ಸರಿಯಾದ ಜಾಗಗಳಲ್ಲಿಯೇ ಬೀಳುತ್ತಿದ್ದವು. ಆದರೆ ಎಲ್ಲವೂ ಒಂದೇ ಹೂಂ ಆಗಿದ್ದವು.

ಅದಾದ ಸ್ವಲ್ಪ ದಿನಗಳಿಗೆ ಮಧ್ಯಾಹ್ನದ ಹೊತ್ತು ಅವಳು ಆಫೀಸಿನಿಂದ ನೇರವಾಗಿ ನಮ್ಮ ಮನೆಗೆ ಬಂದಳು. ಚಪ್ಪಲಿ ಬಿಡುವುದನ್ನೂ ಮರೆತು ಕುರ್ಚಿಯ ತುದಿಯಲ್ಲಿ ಕೂತಳು.

“ಮಾವ, ಒಬ್ಬಳು ಫೋನ್ ಮಾಡಿದ್ಲು. ಸಣ್ಣ ದನಿ. ಏನೇನೋ ಹೇಳಿದ್ಲು, ಹೂಂ ಅಂದೆ. ಆಮೇಲೆ ಮಾತು ನಿಲ್ಲಿಸಿ, ‘ನಾನೀಗ ಏನಂದೆ, ಹೇಳಿ ನೋಡೋಣ’ ಅಂದ್ಲು.”

“ನೀನೇನಂದೆ?”

“ಏನೂ ಇರ್ಲಿಲ್ಲ ಮಾವ. ತಲೇಲಿ ಒಂದಕ್ಷರ ಇರ್ಲಿಲ್ಲ. ‘ನೀವೂ ಅಷ್ಟೇನಾ’ ಅಂದು ಫೋನ್ ಇಟ್ಲು.”

ಮತ್ತೆ ಕರೆಯೋಣವೆಂದರೆ ನಂಬರಿಲ್ಲ, ಹುಡುಕೋಣವೆಂದರೆ ಹೆಸರಿಲ್ಲ. ಗಂಡನ ಏಟಿನ ಸುದ್ದಿಯೋ, ಸಾಯುವ ಮಾತೋ, ಯಾವುದೂ ಇವಳ ಕಿವಿಯೊಳಗೆ ಇಳಿದಿರಲಿಲ್ಲ. ಉಳಿದದ್ದು ಒಂದೇ: ಆ ದನಿಯ ಹಿಂದೆ ಹೊಲಿಗೆ ಮಿಷಿನ್ ಓಡುತ್ತಿತ್ತು. ಓಡಿ, ನಿಂತು, ಮತ್ತೆ ಓಡುತ್ತಿತ್ತು.

“ನಿಮ್ಮ ಆಫೀಸು ನಡೆಸೋ ಮೇಡಂಗೆ ಹೇಳಿದೆಯಾ?”

“ಹೇಗೆ ಹೇಳ್ಲಿ? ಕೇಳೋಕೆ ಬರದವಳನ್ನ ಆ ಮೇಜಿಗೆ ಯಾರು ಕೂರಿಸ್ತಾರೆ? ನನಗೆ ಬೇರೆ ಏನು ಬರುತ್ತೆ ಮಾವ? ನೀವೇ ಅಲ್ವಾ ಹೆಸರಿಟ್ಟಿದ್ದು?”

“ಅವಳು ಮತ್ತೆ ಮಾಡಿದ್ರೆ ಆ ಮಿಷಿನ್ ಸದ್ದಿನಿಂದ ಗುಂಡಕ್ಕನಿಗೆ ಗುರುತು ಸಿಗಬೇಡವೇನೇ? ನೀನು ಹೇಳದಿದ್ರೆ ಹೇಗೆ?”

ಅವಳು ಎದ್ದು, ಬಂದ ಹಾಗೆಯೇ ಆಫೀಸಿಗೆ ಹಿಂತಿರುಗಿದಳು.

ಮೇಡಂ ಬೈಯಲಿಲ್ಲವಂತೆ. ಕನ್ನಡಕ ತೆಗೆದು ಮೇಜಿನ ಮೇಲಿಟ್ಟು, “ಬಿಟ್ಟು ಹೋದ ಇಬ್ಬರೂ ಇದನ್ನ ಹೇಳ್ದೆ ಹೋದರು ಅನ್ಸುತ್ತೆ. ನೀನು ಹೇಳಿದೆ” ಎಂದರಂತೆ. ಅಷ್ಟು ಹೇಳಿ, “ಈಗ ಮನೆಗೆ ನಡಿ. ನಾನು ಕರೆಯೋವರೆಗೂ ಫೋನ್ ಮುಟ್ಟಬೇಡ” ಎಂದು ಕಳುಹಿಸಿಬಿಟ್ಟರು. ಇವಳ ಮೇಜಿಗೆ ಮೇಡಂ ತಾವೇ ಕೂತರು.

ಆ ದಿನಗಳನ್ನು ನೆನೆದರೆ ಈಗಲೂ ನನಗೆ ಸಂಕಟವಾಗುತ್ತದೆ. ಮಗಳನ್ನು ಶಾಲೆಗೆ ಕಳುಹಿಸಿ ಹೂಂಗುಟ್ಟಿ ನಮ್ಮ ಮನೆಗೆ ಬಂದು ಕೂತಿರುತ್ತಿದ್ದಳು. ನನ್ನ ಹೆಂಡತಿ ಬಿಡಿಸಲು ಬಟಾಣಿ ಕೊಟ್ಟರೆ ಸಿಪ್ಪೆಯನ್ನು ಪಾತ್ರೆಗೂ ಕಾಳನ್ನು ಬುಟ್ಟಿಗೂ ಹಾಕುತ್ತಿದ್ದಳು. ಪೇಪರ್ ಬಂದರೆ ಸಾವಿನ ಸುದ್ದಿಗಳನ್ನೇ ಹುಡುಕುತ್ತಿದ್ದಳು. ಎದುರು ಮನೆಯ ದರ್ಜಿ ಮಿಷಿನ್ ತುಳಿದರೆ ಎದ್ದು ನಿಲ್ಲುತ್ತಿದ್ದಳು. ಮನಸ್ಸು ಹಗುರವಾಗಲೆಂದು ನಾನು ಒಂದು ಹಳೆಯ ಕಥೆ ತೆಗೆದೆ. “ಬೇಡ ಮಾವ, ಹೂಂ ಅನ್ನೋಕೆ ಹೆದರಿಕೆ ಆಗುತ್ತೆ” ಎಂದಳು. ರಾಜನನ್ನು ಊರ ಬಾಗಿಲಲ್ಲಿಯೇ ನಿಲ್ಲಿಸಿ ನಾನು ಸುಮ್ಮನಾದೆ.

ಗುಂಡಕ್ಕನ ಫೋನ್ ಬಂದಾಗ ಅವಳು ನಮ್ಮ ಹಿತ್ತಲಲ್ಲಿ ಬಟ್ಟೆ ಹರವುತ್ತಿದ್ದಳು. ಕೈ ಒದ್ದೆಯಾಗಿದ್ದರಿಂದ ನಾನೇ ಫೋನನ್ನು ಅವಳ ಕಿವಿಯ ಹತ್ತಿರ ಹಿಡಿದೆ. ಗುಂಡಕ್ಕನ ದನಿ ನನಗೂ ಕೇಳುತ್ತಿತ್ತು.

“ಬಂತು ಕಣೇ ಫೋನು. ಹಿಂದುಗಡೆ ಮಿಷಿನ್ ಸದ್ದು. ಅವಳೇ.”

“ಏನಂದ್ಲು?”

“ಅದನ್ನ ಹೇಳೋ ಹಾಗಿಲ್ಲ, ನಿನಗೇ ಗೊತ್ತಲ್ಲ. ಚೆನ್ನಾಗೇನೂ ಇಲ್ಲ. ಆದ್ರೆ ಇದಾಳೆ. ನಾಳೆ ಮತ್ತೆ ಮಾಡ್ತೀನಿ ಅಂದಿದಾಳೆ.”

“ನನ್ನ ವಿಷಯ ಏನಾದ್ರೂ…”

ಗುಂಡಕ್ಕ ತಮಾಷೆಯ ಹೆಂಗಸು, ಸುಳ್ಳು ಹೇಳಲು ಮಾತ್ರ ಬಾರದು.

“ಫೋನ್ ಎತ್ತಿದ ತಕ್ಷಣ ಅದನ್ನೇ ಕೇಳಿದ್ಲು. ‘ಆವತ್ತಿನವರು ತಾನೇ? ಹಾಗಿದ್ರೆ ಇಟ್ಬಿಡ್ತೀನಿ’ ಅಂತ.”

ನಾನು ಫೋನನ್ನು ಕೆಳಗಿಳಿಸಿದೆ. ಹೂಂಗುಟ್ಟಿ ಒದ್ದೆ ಬಟ್ಟೆಯನ್ನು ಎದೆಗೆ ಒತ್ತಿಕೊಂಡು ನಿಂತಿದ್ದಳು. ಎಷ್ಟೋ ಕಾಲದಿಂದ ಬತ್ತಿದ್ದ ಕಣ್ಣಿನಲ್ಲಿ ನೀರು ಬಂದಿತ್ತು.

“ಬದುಕಿದಾಳೆ ಮಾವ” ಎಂದಳು. “ನಾನು ಬೇಡವಂತೆ.”

ನಾನು ಫೋನ್ ಆರಿಸಿ ಜೇಬಿಗೆ ಹಾಕಿದೆ.

“ಹೂಂ” ಎಂದೆ.

ಅವಳು ಒಗೆಯುವ ಕಲ್ಲಿನ ಮೇಲೆ ಕೂತು ತನ್ನ ಸಂಕಟವನ್ನು ಹೇಳತೊಡಗಿದಳು. ನಾನು ಎದುರಿಗೆ ಕೂತೆ.