ಜೇನು ಬಾರದ ಹೂಗಳು

ನಮ್ಮ ದೊಡ್ಡಮ್ಮನಿಗೆ ಗಿಡಗಳ ನರ್ಸರಿಯಲ್ಲಿ ಅಂಗಿ ಅಕ್ಕ ಎಂದೇ ಹೆಸರು. ಎಂಥ ಸೆಕೆಯಿರಲಿ, ಗಂಡಸರ ಉದ್ದ ತೋಳಿನ ಅಂಗಿ ತೊಟ್ಟು, ಕೊರಳವರೆಗೂ ಗುಂಡಿ ಹಾಕಿ, ಕೈಗೆ ಗವಸು ಏರಿಸಿಕೊಂಡೇ ಕೆಲಸಕ್ಕೆ ಇಳಿಯುತ್ತಿದ್ದಳು. ಇಪ್ಪತ್ತೆರಡು ವರ್ಷದಿಂದ ಅದೇ ನರ್ಸರಿ. ಅಲ್ಲಿ ಹಸಿರು ಬಲೆ ಕಟ್ಟಿದ ನೆರಳಿನ ಭಾಗ ಅವಳದು. ಜರಿಗಿಡ, ಕ್ರೋಟನ್, ಮನಿಪ್ಲಾಂಟ್, ಇಂಥವೇ. ಬಿಸಿಲಿನ ಕಡೆ, ಹೂ ಬಿಟ್ಟ ಕುಂಡಗಳ ಸಾಲಿನ ಹತ್ತಿರ ಅವಳು ಕಾಲಿಟ್ಟದ್ದನ್ನು ಕಂಡವರಿಲ್ಲ.

ಕಾರಣ ಜೇನುಹುಳ. ಹತ್ತೊಂಬತ್ತನೇ ವಯಸ್ಸಿನಲ್ಲಿ ಒಂದೇ ಒಂದು ಹುಳ ಕತ್ತಿಗೆ ಕಚ್ಚಿ, ಕಾಲು ಗಂಟೆಯೊಳಗೆ ಮುಖ ಊದಿ, ಗಂಟಲು ಕಟ್ಟಿ, ತುಟಿ ನೀಲಿಗಟ್ಟಿತ್ತಂತೆ. ಪಕ್ಕದ ಮನೆಯವರ ತಳ್ಳುಗಾಡಿಯಲ್ಲಿ ಮಲಗಿಸಿಕೊಂಡು ಆಸ್ಪತ್ರೆಗೆ ಓಡಿದವಳು ನನ್ನ ಅಮ್ಮ. ಆಗ ಅಮ್ಮನಿಗೆ ಹದಿನಾಲ್ಕು. ‘ಈ ಸಲ ಉಳ್ಕೊಂಡ್ರಿ. ಇನ್ನೊಂದು ಸಲ ಕಚ್ಚಿದ್ರೆ ಇಲ್ಲಿವರೆಗೆ ಬರ್ತೀರೋ ಇಲ್ವೋ ಹೇಳೋಕಾಗಲ್ಲ’ ಎಂದು ಡಾಕ್ಟರು ಮುಖಕ್ಕೆ ಹೊಡೆದಂತೆ ಹೇಳಿ ಕಳಿಸಿದರು. ಅಂದಿನಿಂದ ದೊಡ್ಡಮ್ಮನ ಸೊಂಟದ ಚೀಲದಲ್ಲಿ, ಹುಳ ಕಚ್ಚಿದ ತಕ್ಷಣ ಚುಚ್ಚಿಕೊಳ್ಳುವ ಒಂದು ಇಂಜೆಕ್ಷನ್ ಇದ್ದೇ ಇರುತ್ತದೆ. ನಮ್ಮ ಮನೆಯಲ್ಲಿ ಯಾರಾದರೂ ಸಕ್ಕರೆ ಚೆಲ್ಲಿದರೂ ಸರಿ, ಅಮ್ಮ ಒದ್ದೆ ಬಟ್ಟೆ ಹಿಡಿದು ಹಾರಿ ಬರುತ್ತಾಳೆ.

ಹಾಗಾದರೆ ಗಿಡಗಳ ಕೆಲಸಕ್ಕೇ ಯಾಕೆ ಹೋದಳು ಎಂದು ನೀವು ಕೇಳಬಹುದು. ಅವಳಿಗೆ ಬರುತ್ತಿದ್ದುದು ಅದೊಂದೇ ಕೆಲಸ, ಅಷ್ಟೇ. ಇನ್ನೊಂದು ಮಾತೂ ಇದೆ. ಜೇನಿಗೆ ಯಾವ ಹೂ ಇಷ್ಟ ಎನ್ನುವುದು ಆ ನರ್ಸರಿಯಲ್ಲಿ ಅವಳಷ್ಟು ಚೆನ್ನಾಗಿ ಯಾರಿಗೂ ಗೊತ್ತಿರಲಿಲ್ಲ. ಸಾಲ ಕೊಟ್ಟವನ ಓಡಾಟ ಸಾಲಗಾರನಿಗೆ ಗೊತ್ತಿರುವ ಹಾಗೆ, ಹುಳಗಳ ಓಡಾಟ ಅವಳಿಗೆ ಗೊತ್ತು. ಸಾಸಿವೆ ಹೂವಿಗೆ ಬೆಳಗಾಗುತ್ತಲೇ ಬರುತ್ತವೆ. ಕಾಮಕಸ್ತೂರಿಯ ತೆನೆಗೆ ದಿನವಿಡೀ. ಸೂರ್ಯಕಾಂತಿಗೆ ಬಿಸಿಲೇರುವ ಮೊದಲು. ಸಬ್ಬಸಿಗೆ, ಕೊತ್ತಂಬರಿ ಹೂಬಿಟ್ಟರೆ ಆ ದಾರಿಯಲ್ಲಿ ಹೋಗಲೇಬಾರದು. ಏಳೆಂಟು ಸುತ್ತಿನ ದಾಸವಾಳ, ಡೇಲಿಯಾ, ದಪ್ಪ ಚೆಂಡುಹೂ ಇವುಗಳ ಹತ್ತಿರ ಮಾತ್ರ ನಿಶ್ಚಿಂತೆಯಾಗಿ ನಿಲ್ಲಬಹುದು. ಎಸಳಿನ ಮೇಲೆ ಎಸಳು ತುಂಬಿ ಒಳಗೆ ಹುಳಕ್ಕೆ ಸಿಗುವಂಥದ್ದೇನೂ ಇರುವುದಿಲ್ಲ.

ಅಮ್ಮನದೂ ದೊಡ್ಡಮ್ಮನದೂ ಅಕ್ಕಪಕ್ಕದ ಮನೆ. ನಡುವೆ ಸೊಂಟದೆತ್ತರದ ಗೋಡೆ. ನಮ್ಮ ಹಿತ್ತಲಲ್ಲಿ ಅಮ್ಮ ಕುಂಬಳ ಬೆಳೆದು ತರಕಾರಿ ಅಂಗಡಿಗಳಿಗೆ ಕೊಡುತ್ತಾಳೆ. ಮನೆ ನಡೆಯುವುದು ಅದರಿಂದ ಮತ್ತು ಮುಂದಿನ ಕೋಣೆಯ ನನ್ನ ಹೊಲಿಗೆ ಮೆಷಿನ್ನಿಂದ. ಸುತ್ತ ಕಟ್ಟಡಗಳೆದ್ದು ಜೇನು ಬರುವುದು ನಿಂತೇಹೋಗಿತ್ತು. ಹುಳ ಮಾಡುವ ಕೆಲಸವನ್ನು ಅಮ್ಮನೇ ಮಾಡುತ್ತಿದ್ದಳು. ಬೆಳಗ್ಗೆ ಆರಕ್ಕೆ ಗಂಡು ಹೂ ಕಿತ್ತು, ಎಸಳು ಬಿಡಿಸಿ, ಅದರ ಪುಡಿಯನ್ನು ಒಂದೊಂದೇ ಹೆಣ್ಣು ಹೂವಿಗೆ ಸವರಬೇಕು. ಹತ್ತು ಗಂಟೆಗೆ ಹೂ ಮುಚ್ಚಿಕೊಳ್ಳುತ್ತದೆ. ಸವರದೆ ಉಳಿದ ಹೂವಿನ ಹೀಚು ಎರಡು ದಿನದಲ್ಲಿ ಹಳದಿಯಾಗಿ ಉದುರುತ್ತದೆ. ನಾಲ್ಕು ಗಂಟೆ ಬಗ್ಗಿ ಬಗ್ಗಿ ಅಮ್ಮನ ಸೊಂಟ ಬಿದ್ದುಹೋಗಿತ್ತು.

ನನಗೆ ಬುದ್ಧಿ ಸ್ವಲ್ಪ ಜಾಸ್ತಿ. ಒಂದು ಮಧ್ಯಾಹ್ನ ಮೂವರೂ ಊಟಕ್ಕೆ ಕೂತಾಗ ಕೇಳಿಯೇಬಿಟ್ಟೆ.

‘ದೊಡ್ಡಮ್ಮ, ಯಾವ ಗಿಡ ಹಾಕಿದ್ರೆ ಜೇನು ಬರತ್ತೆ ಹೇಳು. ಗೋಡೆ ಉದ್ದಕ್ಕೂ ಹಾಕೋಣ. ಅಮ್ಮನ ಸೊಂಟ ನೋಡೋಕಾಗ್ತಿಲ್ಲ.’

ದೊಡ್ಡಮ್ಮನ ಕೈ ತಟ್ಟೆಯಲ್ಲೇ ನಿಂತಿತು. ಅಮ್ಮ ನನ್ನನ್ನು ಸುಟ್ಟುಬಿಡುವಂತೆ ನೋಡಿದಳು. ‘ಸುಮ್ನೆ ಊಟ ಮಾಡು. ಗಿಡನೂ ಬೇಡ, ಗಂಡಾಂತರನೂ ಬೇಡ.’

‘ತರ್ತೀನಿ ಬಿಡು’ ಎಂದಳು ದೊಡ್ಡಮ್ಮ. ಧ್ವನಿ ಅವಳದಾಗಿರಲಿಲ್ಲ.

ವಾರದೊಳಗೆ ತಂದಳು. ಕೆಂಪು ಡೇಲಿಯಾ, ಬೆಣ್ಣೆ ಬಣ್ಣದ ದಾಸವಾಳ, ಮುಷ್ಟಿಗಾತ್ರದ ಚೆಂಡುಹೂ. ಗೋಡೆಯ ಬುಡದಲ್ಲಿ ಸಾಲಾಗಿ ನೆಟ್ಟಾಗ ಕಣ್ಣು ಕೋರೈಸಿತು. ಅಮ್ಮ ನೀರು ಹಾಕಿದಳು. ನಾನು ಬೀದಿಗೆಲ್ಲ ಹೇಳಿಕೊಂಡು ಬಂದೆ. ತಿಂಗಳಾಯಿತು, ಒಂದು ಹುಳವಿಲ್ಲ. ಅಮ್ಮ ಬಗ್ಗುವುದು ತಪ್ಪಲಿಲ್ಲ. ಮಣ್ಣು ಸರಿಯಿಲ್ಲವೇನೋ ಎಂದುಕೊಂಡು ಗೊಬ್ಬರ ಹಾಕಿದವಳು ನಾನು. ದೊಡ್ಡಮ್ಮ ಈಗ ಗೋಡೆಯ ಹತ್ತಿರ ಬಂದು ನಿಂತರೂ ನನ್ನ ಕಣ್ಣಿಗೆ ಕಣ್ಣು ಕೊಡುತ್ತಿರಲಿಲ್ಲ.

ಆಮೇಲೆ ಅಮ್ಮನಿಗೆ ಜ್ವರ ಬಂತು. ಆರು ದಿನ ಹಾಸಿಗೆ ಬಿಟ್ಟು ಏಳಲಿಲ್ಲ. ಹೂ ಸವರಲು ನಾನು ಹೋದೆ. ಹೆಣ್ಣು ಹೂಗಳನ್ನೇ ಕಿತ್ತು ಗಂಡು ಹೂಗಳಿಗೆ ತಿಕ್ಕಿ ಬಂದೆ ಎನ್ನುವುದು ಆರನೇ ದಿನ ತಿಳಿಯಿತು. ಬಳ್ಳಿಯ ಮೇಲಿದ್ದ ಹೀಚುಗಳೆಲ್ಲ ಹಳದಿ. ಮುಟ್ಟಿದರೆ ಕೈಗೆ ಬರುತ್ತಿದ್ದವು. ಗೋಡೆಯಾಚೆ ದೊಡ್ಡಮ್ಮ ನಿಂತು ನೋಡುತ್ತಿದ್ದಳು.

‘ನಾಳೆ ಬೆಳಗ್ಗೆ ನನ್ ಜೊತೆ ನರ್ಸರಿಗೆ ಬಾ’ ಎಂದಳು. ‘ಅಮ್ಮಂಗೆ ಹೇಳ್ಬೇಡ.’

ಮರುದಿನ ಒಂಬತ್ತಕ್ಕೆ ನರ್ಸರಿಯ ನೆರಳಿನ ಬಲೆಯ ಅಂಚಿನಲ್ಲಿ ನಿಂತು ಸೊಂಟದ ಚೀಲ ಬಿಚ್ಚಿ ನನ್ನ ಕೈಗೆ ಕೊಟ್ಟಳು. ‘ನಾನು ಬಿದ್ರೆ ತೊಡೆಗೆ ಚುಚ್ಚು. ಬಟ್ಟೆ ಮೇಲೇ ಚುಚ್ಚು. ಬಾಯಿ ಬಿಟ್ಕೊಂಡು ನೋಡ್ತಾ ನಿಂತ್ಕೋಬೇಡ.’

‘ಏನಂತ ಹೇಳ್ತಿದೀಯ ದೊಡ್ಡಮ್ಮ? ಯಾವ ಗಿಡ ಬೇಕು, ಹೆಸರು ಹೇಳು, ನಾನೇ ಎತ್ಕೊಂಡ್ ಬರ್ತೀನಿ.’

‘ಹೆಸರು ಸಾಕಾಗಲ್ಲ. ಒಂದೇ ಹೆಸರಲ್ಲಿ ಹತ್ತು ತಳಿ ಇರತ್ತೆ. ಯಾವುದರ ಮೇಲೆ ಹುಳ ಕೂತಿದೆಯೋ ಅದನ್ನೇ ತರ್ಬೇಕು. ಮೊದಲು ತಂದಿದ್ದೆಲ್ಲ…’ ಎಂದವಳು ಹೂವಿನ ಸಾಲಿನ ಕಡೆ ನೋಡಿದಳು. ‘ಬೇಕಂತ್ಲೇ ತಂದಿದ್ದೆ ಕಣೇ. ಬರದಿರೋ ಹೂಗಳನ್ನೇ ಆರಿಸಿ ತಂದೆ.’

ನನಗೆ ಕೋಪ ಬರಬೇಕಿತ್ತು. ಆದರೆ ಅವಳು ಆಗಲೇ ಕೊರಳ ಗುಂಡಿ ಸರಿಯಾಗಿದೆಯೇ ಎಂದು ಮುಟ್ಟಿ ನೋಡಿಕೊಳ್ಳುತ್ತಿದ್ದಳು.

ಬಿಸಿಲಿಗೆ ಕಾಲಿಟ್ಟಳು. ಎರಡೂ ಕಡೆ ಹೂ ಬಂದ ಕುಂಡಗಳು, ನಡುವೆ ಒಬ್ಬರು ಹೋಗುವಷ್ಟೇ ಜಾಗ. ಜುಂಯ್ ಎನ್ನುವ ಸದ್ದು ಎಲ್ಲಿಂದಲೋ ಅಲ್ಲ, ನಮ್ಮ ಮೊಣಕಾಲಿನ ಹತ್ತಿರದಿಂದಲೇ ಬರುತ್ತಿತ್ತು. ಅವಳು ಬೆರಳು ತೋರಿಸುತ್ತಾ ಹೋದಳು. ‘ಆ ಕಾಮಕಸ್ತೂರಿ. ಅದಲ್ಲ, ಪಕ್ಕದ್ದು, ಎರಡು ಹುಳ ಕೂತಿದೆ ನೋಡು. ಒಂದೊಂದೇ ಬೇಡ, ಅದನ್ನೇ ಆರು ತಗೋ, ಗುಂಪಾಗಿದ್ರೇನೇ ಅವಕ್ಕೆ ಕಾಣ್ಸೋದು. ಸಾಸಿವೆ ಎಲ್ಲಾ ತಗೋ. ಹೂ ಬಿಟ್ಟಿರೋ ಸಬ್ಬಸಿಗೇನೂ ತಗೋ.’ ಅಷ್ಟರಲ್ಲಿ ಒಂದು ಹುಳ ಬಂದು ಅವಳ ಎಡ ತೋಳಿನ ಮೇಲೆ ಕೂತಿತು.

ದೊಡ್ಡಮ್ಮ ನಿಂತಲ್ಲೇ ನಿಂತಳು. ಉಸಿರಾಡುತ್ತಿದ್ದಾಳೋ ಇಲ್ಲವೋ ತಿಳಿಯಲಿಲ್ಲ. ಹುಳ ತೋಳಿನ ಮೇಲೆ ನಡೆದು ಭುಜಕ್ಕೆ ಬಂತು, ಭುಜದಿಂದ ಕಾಲರಿಗೆ. ಅಲ್ಲಿಂದ ಕತ್ತಿನ ಚರ್ಮಕ್ಕೆ ಒಂದು ಬೆರಳಿನ ಅಗಲ ದೂರ. ನಾನು ಇಂಜೆಕ್ಷನ್ನಿನ ಮುಚ್ಚಳ ತೆಗೆದೆ; ಯಾವ ಕಡೆ ಸೂಜಿ, ಯಾವ ಕಡೆ ಹಿಡಿ ಎನ್ನುವುದೇ ಮರೆತುಹೋಯಿತು. ಅವಳ ಕಣ್ಣಿಂದ ನೀರು ಇಳಿಯುತ್ತಿತ್ತು, ಒರೆಸಿಕೊಳ್ಳಲು ಕೈ ಎತ್ತುವಂತಿರಲಿಲ್ಲ. ಎಷ್ಟು ಹೊತ್ತೋ. ಹುಳ ಹಾರಿಹೋಯಿತು.

‘ಸಬ್ಬಸಿಗೆ ನಾಲ್ಕು ಸಾಕು’ ಎಂದಳು ದೊಡ್ಡಮ್ಮ, ಸಣ್ಣ ಧ್ವನಿಯಲ್ಲಿ.

ನರ್ಸರಿಯ ಗಾಡಿಯಲ್ಲಿ ಗಿಡಗಳು ಮನೆಗೆ ಬಂದವು. ಡೇಲಿಯಾ ಸಾಲು ಕಿತ್ತು ಹೊಸ ಗಿಡಗಳನ್ನು ಗೋಡೆಗುಂಟ ನೆಟ್ಟವಳು ಅವಳೇ. ನನ್ನನ್ನು ಮುಟ್ಟಗೊಡಲಿಲ್ಲ. ಅರ್ಧ ಮುಗಿಯುವಷ್ಟರಲ್ಲಿ ಅಮ್ಮ ಹೊದಿಕೆ ಸುತ್ತಿಕೊಂಡು, ಗೋಡೆ ಹಿಡಿದುಕೊಂಡು ಹಿತ್ತಲಿಗೆ ಬಂದಳು. ಗಿಡಗಳನ್ನು ನೋಡಿದ್ದೇ ತಡ, ಬಗ್ಗಿ ಒಂದು ಕಾಮಕಸ್ತೂರಿಯನ್ನು ಬೇರು ಸಮೇತ ಎಳೆದಳು.

‘ಸಾಯೋಕೆ ಬಂದಿದೀಯಾ ಇಲ್ಲಿ?’

‘ಬಿಡೇ. ನಿನ್ ಹೊಟ್ಟೆ ಮೇಲೆ ಹೊಡೆದವಳು ನಾನು. ಆ ಡೇಲಿಯಾ ಎಲ್ಲಾ ಸುಳ್ಳು. ಅದಕ್ಕೆ ಜೇನು ಬರಲ್ಲ ಅಂತ ಗೊತ್ತಿದ್ದೇ ತಂದೆ.’

‘ನಂಗೊತ್ತಿರ್ಲಿಲ್ವಾ?’ ಅಮ್ಮ ಇನ್ನೊಂದು ಗಿಡಕ್ಕೆ ಕೈಹಾಕಿದಳು. ‘ಇಷ್ಟು ವರ್ಷ ಕುಂಬಳ ಬೆಳೆದವಳಿಗೆ ಯಾವ ಹೂವಿಗೆ ಹುಳ ಬರತ್ತೆ ಅಂತ ಗೊತ್ತಾಗಲ್ವಾ? ಒಂದು ಹಿಡಿ ಸಾಸಿವೆ ಚೆಲ್ಲಿದ್ರೆ ಸಾಕಿತ್ತು. ನಾನ್ಯಾಕೆ ಚೆಲ್ಲಲಿಲ್ಲ ಹೇಳು? ಸೊಂಟ ಮುರ್ಕೊಂಡು ಹೂ ಸವರಿದ್ದು ಯಾಕೆ ಹೇಳು? ಆ ಗಾಡಿ ತಳ್ಳಿದ್ದು ನಾನು. ನಿನ್ ತುಟಿ ನೋಡಿದ್ದು ನಾನು. ಇನ್ನೊಂದ್ ಸಲ ತಳ್ಳೋ ಶಕ್ತಿ ನನಗಿಲ್ಲ ಅಕ್ಕಾ.’

ಮಣ್ಣು ಮೆತ್ತಿದ ಗವಸಿನಿಂದಲೇ ದೊಡ್ಡಮ್ಮ ಅಮ್ಮನ ಮಣಿಕಟ್ಟು ಹಿಡಿದಳು. ‘ನಂಗೂ ಭಯ ಕಣೇ. ಆದ್ರೆ ನೀನು ಮಲಗಿದ್ ಆರು ದಿನ ಇದಕ್ಕಿಂತ ಹೆಚ್ಚು ಭಯ ಆಗಿತ್ತು. ಕೀಳ್ಬೇಡ. ಇರ್ಲಿ.’

ಅಮ್ಮ ಕೂತುಬಿಟ್ಟಳು. ಕಿತ್ತ ಗಿಡಗಳನ್ನು ದೊಡ್ಡಮ್ಮ ಮತ್ತೆ ನೆಟ್ಟಳು. ಕೊನೆಗೆ ಅಮ್ಮ ಗೆದ್ದದ್ದು ಒಂದೇ ಮಾತಿನಲ್ಲಿ: ಗಿಡಗಳೆಲ್ಲ ಗೋಡೆಯಿಂದ ಹಿತ್ತಲಿನ ಆಚೆ ತುದಿಗೆ ಹೋದವು. ಹುಳಕ್ಕೇನು, ಗೋಡೆ ಲೆಕ್ಕವೇ? ಆದರೂ ಅಷ್ಟು ದೂರ ಸರಿಸಿದೆವೆಂಬ ಸಮಾಧಾನ ಅಮ್ಮನಿಗೆ.

ಐದನೇ ದಿನ ಜೇನು ಬಂತು. ಈಗ ಕುಂಬಳದ ಹೂಗಳಲ್ಲಿ ದಿನವೂ ಹುಳವಿರುತ್ತದೆ, ಬಳ್ಳಿ ತುಂಬ ಕಾಯಿ. ದೊಡ್ಡಮ್ಮ ಕೆಲಸವನ್ನು ಮಧ್ಯಾಹ್ನಕ್ಕೆ ಬದಲಾಯಿಸಿಕೊಂಡು, ಕುಂಬಳದ ಹೂ ಮುಚ್ಚಿ ಹುಳಗಳೆಲ್ಲ ಆಚೆ ತುದಿಯ ಗಿಡಗಳಿಗೆ ಸರಿಯುವ ಹತ್ತು ಗಂಟೆಯವರೆಗೆ ಕಿಟಕಿ ಬಾಗಿಲು ಹಾಕಿ ಒಳಗಿರುತ್ತಾಳೆ. ಅಮ್ಮನಿಗೆ ಬಗ್ಗುವ ಕೆಲಸವಿಲ್ಲ, ಆದರೂ ಆರಕ್ಕೇ ಹಿತ್ತಲಿಗೆ ಬಂದು ಗೋಡೆಯ ಪಕ್ಕ ಸ್ಟೂಲು ಹಾಕಿ ಕೂರುತ್ತಾಳೆ.

‘ಅಕ್ಕಾ, ಇದ್ದೀಯಾ?’

‘ಇದ್ದೀನಿ. ನಿನ್ ಕೆಲಸ ನೋಡು.’

ಹತ್ತು ನಿಮಿಷಕ್ಕೊಮ್ಮೆ ಇದೇ ಮಾತು. ಮೊನ್ನೆ ಉತ್ತರ ಬರಲಿಲ್ಲ. ನಾನು ಮೆಷಿನ್ ಬಿಟ್ಟು ಏಳುವಷ್ಟರಲ್ಲಿ ಅಮ್ಮ ಗೋಡೆ ಹತ್ತಿ ಆಚೆ ಬಿದ್ದಿದ್ದಳು, ಎರಡೂ ಮೊಣಕಾಲು ತರಚಿ ರಕ್ತ. ಬಾಗಿಲು ಬಡಿದ ಸದ್ದಿಗೆ ದೊಡ್ಡಮ್ಮ ಒದ್ದೆ ತಲೆಯಲ್ಲಿ ಹೊರಗೆ ಬಂದಳು, ಸ್ನಾನಕ್ಕೆ ಹೋಗಿದ್ದಳಂತೆ. ಅಮ್ಮ ಬಾಯಿಗೆ ಬಂದಂತೆ ಬೈದಳು. ಬೈಯುತ್ತಲೇ ಅವಳ ಮುಖ, ತುಟಿ, ಕತ್ತನ್ನೆಲ್ಲ ಎರಡೂ ಕೈಯಿಂದ ತಡವಿ ನೋಡುತ್ತಿದ್ದಳು.