ಶಿವಪ್ಪ ಕಾಕಾನ ‘ಸಾಕ್ ಬಿಡ್ರಿ’

ಶಾಟ್ ಮುಗಿದಾಗ ಎಲ್ಲ ನಿರ್ದೇಶಕರೂ ‘ಕಟ್’ ಅನ್ನುತ್ತಾರೆ. ಶಿವಪ್ಪ ಕಾಕಾ ಮಾತ್ರ, ಹುಗ್ಗಿ ಬಡಿಸುವವರಿಗೆ ಎಲೆಯ ಮೇಲೆ ಕೈ ಅಡ್ಡ ಹಿಡಿದಂತೆ, “ಸಾಕ್ ಬಿಡ್ರಿ” ಅನ್ನುತ್ತಿದ್ದರು.

ಬಹಳ ವರ್ಷ ಇಂಗ್ಲೆಂಡಿನಲ್ಲಿದ್ದು ಅಲ್ಲಿಯ ಪಾಸ್‌ಪೋರ್ಟನ್ನೇ ಪಡೆದಿದ್ದ ಮನುಷ್ಯ. ಯಾವ ಕಂಪನಿಯ ಹಂಗೂ ಇಲ್ಲದೆ ಅಲ್ಲಿ ದೆವ್ವದ ಸಿನಿಮಾ, ನಗೆಯ ಸಿನಿಮಾ, ಬಸ್ ಡ್ರೈವರುಗಳ ಬಗ್ಗೆ ಒಂದು ಸಾಕ್ಷ್ಯಚಿತ್ರ ಮಾಡಿದ್ದರು. ಊರಿಗೆ ಮರಳಿ ಗೋಕುಲ ರಸ್ತೆಯಲ್ಲಿ ಒಂದು ಕೋಣೆ ಹಿಡಿದ ಮೇಲೂ ಅದೇ ಚಾಳಿ. ಕಥೆ, ಕ್ಯಾಮೆರಾ, ಎಡಿಟಿಂಗ್ ಎಲ್ಲ ಅವರದೇ. “ಇಷ್ಟೆಲ್ಲಾ ಒಬ್ಬರ ಯಾಕ ಮಾಡ್ತೀರಿ ಕಾಕಾ?” ಎಂದರೆ, “ಬ್ಯಾರೇದವ್ರನ್ನ ಇಟಗೊಂಡ್ರ ಅವ್ರ ಮಾತೂ ಕೇಳಬೇಕಲ್ಲೋ” ಅನ್ನುತ್ತಿದ್ದರು.

ಗಬ್ಬೂರ ಬೈಪಾಸಿನ ಧಾಬಾದಲ್ಲಿ ತೆಗೆದ ಪತ್ತೇದಾರಿ ಚಿತ್ರದಲ್ಲಂತೂ ಹೆಣದ ಪಾತ್ರವೂ ಅವರದೇ. ಕ್ಯಾಮೆರಾ ಸ್ಟ್ಯಾಂಡಿನ ಮೇಲೆ ತಾನೇ ಓಡುತ್ತಿತ್ತು. ಶಾಟ್ ಮುಗಿದಾಗ ಹೆಣವೇ ಹೇಳಬೇಕು. ನೋಡಲು ನೆರೆದವರಲ್ಲಿ ನಾನೂ ಇದ್ದೆ. ಮಿಮಿಕ್ರಿ ನನ್ನ ಚಟ. ಅಪ್ಪನ ದನಿಯಲ್ಲಿ ಕಾಲೇಜಿಗೆ ಫೋನ್ ಮಾಡಿ ನನಗೆ ನಾನೇ ಜ್ವರ ಬರಿಸಿಕೊಂಡವನು. ತಡೆಯಲಾಗದೆ ಕಾಕಾನ ದನಿಯಲ್ಲಿ “ಸಾಕ್ ಬಿಡ್ರಿ” ಅಂದುಬಿಟ್ಟೆ. ಸಿನಿಮಾದ ಇನ್‌ಸ್ಪೆಕ್ಟರು ಟೊಪ್ಪಿಗೆ ತೆಗೆದು ಚಹಾಕ್ಕೆ ಹೊರಟರು. ಹೆಣ ಎದ್ದು ಕುಳಿತಿತು.

“ಯಾಂವಲೇ ಅಂವ, ನನ್ನ ದನಿ ಕದ್ದಾಂವ?”

ಕೈ ಎತ್ತಿದೆ. ಬೈಗುಳ ಬರಲಿಲ್ಲ.

“ನಾಳಿಂದ ಕೆಲಸಕ್ಕ ಬಾ. ನನಗ ಇದೊಂದು ದನಿ ಸಾಲವಲ್ದು.”

ಅಂದಿನಿಂದ ಅವರ ಚಿತ್ರಗಳ ಮುದುಕ, ಮುದುಕಿ, ಎಮ್ಮೆ ಎಲ್ಲಕ್ಕೂ ನನ್ನದೇ ಗಂಟಲು. ಜನ ಹೊಗಳಿದ್ದು ಎಮ್ಮೆಯನ್ನು. “ಅದರಾಗ ನೀ ನಟನಾ ಮಾಡಿಲ್ಲ ನೋಡು,” ಅಂದರು ಕಾಕಾ.

ಅವರ ಕೊನೆಯ ಚಿತ್ರ ಉಪ್ಪಿನಬೆಟಗೇರಿಯಲ್ಲಿ ಹೊಲ ಮಾಡಿಕೊಂಡಿದ್ದ ಅವರ ಅಕ್ಕ ನೀಲವ್ವನ ಬಗ್ಗೆ. ಅರ್ಧ ತೆಗೆದಾಗ ಗಂಟಲಿನ ಆಪರೇಷನ್ ಆಗಿ ಕಾಕಾನ ದನಿಯೇ ಹೋಯಿತು. ಮತ್ತೆ ಕ್ಯಾಮೆರಾ ಹೂಡಿದರೆ ನೀಲವ್ವ ಬದುವಿನ ಮೇಲೆ ಕುಳಿತುಬಿಟ್ಟರು. “ಅಂವ ಹೇಳಲಿ, ನಡೀತೇನಿ. ಅಂವ ಹೇಳಲಿಲ್ಲಂದ್ರ ನನಗ ಕಾಲ ಏಳೂದಿಲ್ಲ.”

ಚಿತ್ರ ಅಲ್ಲಿಗೇ ನಿಲ್ಲುವಂತಿತ್ತು. ಕಾಕಾ ಬೆರಳಿನಿಂದ ತಮ್ಮ ಗಂಟಲು ಮುಟ್ಟಿ, ಅದೇ ಬೆರಳನ್ನು ನನ್ನತ್ತ ತೋರಿಸಿದರು. ಯಾರನ್ನೂ ನಗಿಸುವ ಆಸೆಯಿಲ್ಲದೆ, ಮೊದಲ ಬಾರಿ, ಅವರ ದನಿ ತೆಗೆದೆ.

“ಹೂಂ, ನಡಿ ಅಕ್ಕಾ.”

ನೀಲವ್ವ ನನ್ನನ್ನೊಮ್ಮೆ, ತಮ್ಮನನ್ನೊಮ್ಮೆ ನೋಡಿದರು. ಸೆರಗು ಸರಿಮಾಡಿಕೊಂಡು ಎದ್ದು, ಜೋಳದ ಹೊಲದ ನಡುವೆ ನಡೆದರು. ಕಾಕಾ ಕೈ ಎತ್ತಿದ ಕೂಡಲೇ ನಾನು “ಸಾಕ್ ಬಿಡ್ರಿ” ಅನ್ನಬೇಕು. ಕೈ ಏಳಲಿಲ್ಲ. ಹೊಲವೇ ಮುಗಿಯಿತು. ನೀಲವ್ವ ತಿರುಗಿ ನಿಂತು ಕೇಳಿದರು:

“ಇನ್ನೂ ಸಾಕಾಗಿಲ್ಲೇನೋ ನಿನಗ?”

ಮಳೆಗಾಲಕ್ಕೆ ಮೊದಲೇ ಕಾಕಾ ಹೋದರು. ಎಡಿಟಿಂಗ್ ನಾನು ಮುಗಿಸಿದೆ. ಆ ಪ್ರಶ್ನೆಯ ಹತ್ತಿರವೇ ಚಿತ್ರ ಮುಗಿಯುತ್ತದೆ. ತಮ್ಮ ಏನಂದ ಎಂದು ನೋಡಿದವರು ಕೇಳುತ್ತಾರೆ. ಕ್ಯಾಮೆರಾದ ಹಿಂದಿದ್ದವರು ಅವರಿಗೆ ಹೇಗೆ ಕಾಣಬೇಕು? ಪಕ್ಕದಲ್ಲಿದ್ದ ನಾನು ನೋಡಿದ್ದೇನೆ. ಕಾಕಾ ನಗುತ್ತ, ಇಲ್ಲ ಎಂದು ತಲೆಯಾಡಿಸಿದ್ದರು.