ಮೇಸ್ತ್ರಿ ಮಾವ ಒಡೆದು ಕಟ್ಟಿದ ರ‍್ಯಾಂಪು

ಮೇಸ್ತ್ರಿ ಮಾವನ ಬೆರಳುಗಳಲ್ಲಿ ಗೆರೆಗಳೇ ಇರಲಿಲ್ಲ. ವರ್ಷಾನುಗಟ್ಟಲೆ ಸಿಮೆಂಟು ಕಲಸಿ ಕಲಸಿ ತುದಿಗಳೆಲ್ಲ ಸವೆದು ಹುಣಸೆ ಬೀಜದಷ್ಟು ನುಣ್ಣಗಾಗಿದ್ದವು. ರೇಷನ್ ಅಂಗಡಿಯ ಹೆಬ್ಬೆಟ್ಟಿನ ಮೆಷಿನ್ನು ಅವರನ್ನು ಗುರುತಿಸಲು ಯಾವತ್ತೂ ಒಪ್ಪಲಿಲ್ಲ. ಹತ್ತು ಬೆರಳನ್ನೂ ಒಂದೊಂದಾಗಿ ಇಟ್ಟು, ಪಂಚೆಗೆ ಒರೆಸಿ ಮತ್ತೆ ಇಟ್ಟು, ಕೊನೆಗೆ "ಬುಡಪ್ಪ, ಈ ಮನ್ಸ ಉಟ್ಟೇ ಇಲ್ಲ ಅಂತ ಬರ್ಕೊ" ಎಂದು ನಗುತ್ತಾ ಮನೆಗೆ ಹೋಗಿ ಹೆಂಡತಿಯನ್ನು ಕಳಿಸುತ್ತಿದ್ದರು.

ಅವರು ನನಗೆ ಸಂಬಂಧದಲ್ಲಿ ಮಾವನಲ್ಲ. ಹಿಂದಿನ ಬೀದಿಯವರು, ಗಾರೆ ಕೆಲಸದವರು, ಊರಿಗೆಲ್ಲ ಮೇಸ್ತ್ರಿ, ನನ್ನ ವಯಸ್ಸಿನವರಿಗೆಲ್ಲ ಮೇಸ್ತ್ರಿ ಮಾವ. ಯಾರ ಮನೆಗೆ ಹೋದರೂ ಕ್ಷೇಮ ಸಮಾಚಾರಕ್ಕೆ ಮೊದಲು ಒಂದು ಕಣ್ಣು ಮುಚ್ಚಿ ಗೋಡೆ ನೋಡುವರು. ಗೋಡೆ ವಾಲಿದ್ದರೆ ಕಾಫಿ ಕುಡಿಯುವವರೆಗೂ ಸುಮ್ಮನಿದ್ದು ಆಮೇಲೆ ಹೇಳುವರು. ಕೆಂಪು ಗಾರೆ ನೆಲ ಹಾಕುವುದರಲ್ಲಿ ಗುಂಡ್ಲುಪೇಟೆ ಸುತ್ತ ಅವರಿಗೆ ಹೆಸರಿತ್ತು. ಕರಣೆಯಲ್ಲಿ ಉಜ್ಜಿ, ಕೊಬ್ಬರಿ ಎಣ್ಣೆ ಹಚ್ಚಿ ಮತ್ತೆ ಉಜ್ಜಿ, ಕೊನೆಗೆ ನೆಲದಲ್ಲಿ ತಮ್ಮ ಮುಖ ಕಾಣುವವರೆಗೂ ಬಿಡುತ್ತಿರಲಿಲ್ಲ. ಒಂದೇ ದೌರ್ಬಲ್ಯ, ಹೊಗಳಿಕೆ. "ಚೆನ್ನಾಗದೆ ಮಾವ" ಅಂದರೆ ಸಾಕು, ಮಕ್ಕಳ ಹಾಗೆ ತಲೆ ಕೆಳಗೆ ಹಾಕಿ ನಗುತ್ತಿದ್ದರು.

ನನ್ನ ವಿಷಯ ಒಂದೆರಡು ಮಾತಲ್ಲಿ ಹೇಳಿಬಿಡುತ್ತೇನೆ, ಅನುಕಂಪ ಬೇಡ. ಪಿಯುಸಿ ರಜೆಯಲ್ಲಿ ಅವ್ವನ ಜೊತೆ ಚೆಂಡು ಹೂವು ಕೀಳಲು ಕೂಲಿಗೆ ಹೋಗುತ್ತಿದ್ದಾಗ ಕೇರಳ ರಸ್ತೆಯ ಮದ್ದೂರಿನ ಕಡೆಯ ತಿರುವಿನಲ್ಲಿ ಟೆಂಪೋ ಮಗುಚಿತು. ಬೆನ್ನುಮೂಳೆಗೆ ಪೆಟ್ಟಾಯಿತು, ಸೊಂಟದ ಕೆಳಗೆ ಏನೂ ಉಳಿಯಲಿಲ್ಲ. ಚಾಮರಾಜನಗರದ ಒಂದು ಶಿಬಿರದಲ್ಲಿ ಗಾಲಿಕುರ್ಚಿ ಕೊಟ್ಟರು. ಅಲ್ಲಿ ಸಾಲಾಗಿ ನಿಲ್ಲಿಸಿದ್ದ ಕುರ್ಚಿಗಳೆಲ್ಲ ಒಂದೇ ಅಳತೆಯವು. ನನ್ನ ಪಕ್ಕದಲ್ಲಿದ್ದ ದಪ್ಪನೆಯ ಯಜಮಾನರಿಗೂ ಅದೇ, ಎಂಟು ವರ್ಷದ ಮಗುವಿಗೂ ಅದೇ. ಆಸ್ಪತ್ರೆಯ ನುಣುಪು ನೆಲದ ಮೇಲೆ ಬೇರೆಯವರು ತಳ್ಳಲಿ ಅಂತ ಮಾಡಿದ ಕುರ್ಚಿ ಅದು, ನಮ್ಮೂರ ಮಣ್ಣಿನಲ್ಲಿ ಮುಂದಿನ ಪುಟ್ಟ ಗಾಲಿ ಹೂತುಕೊಳ್ಳುತ್ತಿತ್ತು. ಬೇರೆ ದೇಶಗಳಲ್ಲಿ ಜಾಕೀಟು ಹೊಲಿಸುವ ಹಾಗೆ ಒಬ್ಬೊಬ್ಬರ ಅಳತೆ ತೆಗೆದು, ಒಂದೇ ಕೈಲಿ ಎತ್ತುವಷ್ಟು ಹಗುರ ಕುರ್ಚಿ ಮಾಡುತ್ತಾರೆಂದು ಫೋನಿನಲ್ಲಿ ನೋಡಿ ಹೊಟ್ಟೆ ಉರಿದುಕೊಂಡದ್ದುಂಟು. ಇಲ್ಲಿ ನಾವೇ ಕುರ್ಚಿಯ ಅಳತೆಗೆ ಸರಿಹೊಂದಬೇಕಿತ್ತು.

ಹೇಗೋ ಮನೆಯಲ್ಲೇ ಓದಿ ಡಿಗ್ರಿ ಮುಗಿಸಿದೆ. ನಮ್ಮ ಗ್ರಾಮ ಪಂಚಾಯಿತಿ ಗ್ರಂಥಾಲಯಕ್ಕೆ ಮೇಲ್ವಿಚಾರಕಿಯಾದೆ. ಅವ್ವ ಬೀದಿಗೆಲ್ಲ ಸಕ್ಕರೆ ಹಂಚಿದಳು. ಮೊದಲ ದಿನ ಹೋಗಿ ನೋಡಿದರೆ ಗ್ರಂಥಾಲಯಕ್ಕೆ ನಾಲ್ಕು ಮೆಟ್ಟಿಲು.

ಎದುರಿನ ಟೀ ಅಂಗಡಿಯಲ್ಲಿ ಕೂತ ಗಂಡಸರು ಒಳ್ಳೆಯವರೇ. ನಾಲ್ಕು ಜನ ಬಂದು ಕುರ್ಚಿ ಸಮೇತ ಎತ್ತಿ ಒಳಗೆ ಬಿಡುತ್ತಿದ್ದರು. ಆದರೆ ದಿನಾ ಬೆಳಗ್ಗೆ ಎತ್ತಿಸಿಕೊಳ್ಳುವುದೆಂದರೆ ಏನೆಂದು ಎತ್ತುವವರಿಗೆ ತಿಳಿಯುವುದಿಲ್ಲ. ಬಟ್ಟೆ ಸರಿಯುತ್ತದೆ, ಯಾರದೋ ಬೆವರು ಮುಖಕ್ಕೆ ತಾಗುತ್ತದೆ, "ಏನಮ್ಮಿ, ರಾತ್ರಿ ಜಾಸ್ತಿ ಉಂಡ್ಯಾ" ಎಂಬ ತಮಾಷೆಗೆ ನಗಬೇಕಾಗುತ್ತದೆ. ಅವರು ಬರುವವರೆಗೂ ಬಾಗಿಲ ಬೀಗದ ಕೈ ಮಡಿಲಲ್ಲಿಟ್ಟುಕೊಂಡು ಬಿಸಿಲಲ್ಲಿ ಕೂತಿರಬೇಕು. ಪಂಚಾಯಿತಿಯ ಒಬ್ಬ ಸದಸ್ಯರು ಒಂದು ದಿನ, "ಯಾಕಮ್ಮ ಕಷ್ಟ, ನಿನ್ ತಮ್ಮ ಬಾಗ್ಲು ತೆಗೀಲಿ, ನೀ ಮನೇಲೇ ಸೈನ್ ಮಾಡು" ಅಂದರು. ಸಹಾಯ ಮಾಡುವ ದನಿಯಲ್ಲೇ ಅಂದರು. ನನಗೆ ಮೈಯೆಲ್ಲ ಉರಿಯಿತು. ನನ್ನಷ್ಟಕ್ಕೆ ನಾನು ಒಳಗೆ ಹೋಗಲಾಗದಿದ್ದರೆ ಈ ಕೆಲಸ ಬಿಟ್ಟೇಬಿಡುತ್ತೇನೆ ಎಂದು ಅವತ್ತೇ ಮನಸ್ಸಿನಲ್ಲಿ ಗಂಟು ಹಾಕಿಕೊಂಡೆ.

ಅಷ್ಟರಲ್ಲಿ ರ‍್ಯಾಂಪು ಇರಲೇಬೇಕೆಂದು ಮೇಲಿನಿಂದ ಆದೇಶ ಬಂತು, ಕೆಲಸ ಮೇಸ್ತ್ರಿ ಮಾವನಿಗೆ ಸಿಕ್ಕಿತು. ಅವರ ಸಡಗರ ನೋಡಬೇಕಿತ್ತು. ನಮ್ಮೂರ ಹುಡುಗಿ ಹತ್ತುವ ರ‍್ಯಾಂಪು ಎಂದು ಯಾರೂ ಕೇಳದಿದ್ದರೂ ಕೆಂಪು ಗಾರೆ ಹಾಕಿದರು. ಉಜ್ಜಿದರು, ಎಣ್ಣೆ ಹಚ್ಚಿದರು, ಅಂಚಿಗೆ ಕಪ್ಪು ಪಟ್ಟಿ ಎಳೆದರು. ಎರಡಡಿ ಎತ್ತರಕ್ಕೆ ಆರಡಿ ಉದ್ದ. ಒಂದಡಿ ಏರಬೇಕಾದರೆ ಹನ್ನೆರಡು ಅಡಿ ಉದ್ದ ಬೇಕು ಎಂದು ನಾನು ಓದಿದ್ದೆ. ನೋಡಿದ ಕೂಡಲೇ ಇದು ಆಗುವುದಿಲ್ಲ ಎಂದು ತಿಳಿಯಿತು. ಮಾವ ಕೈಕಟ್ಟಿ ನಿಂತು, "ಹೆಂಗದಮ್ಮಿ?" ಅಂದರು. 

"ಚೆನ್ನಾಗದೆ ಮಾವ" ಅಂದೆ. ಅವರು ತಲೆ ಕೆಳಗೆ ಹಾಕಿ ನಕ್ಕರು.

ಪಂಚಾಯಿತಿಯವರು ಫೋಟೋ ತೆಗೆದರು, ಮೇಲಕ್ಕೆ ಕಳಿಸಿದರು. ಅಂದಿನಿಂದ ನಾಲ್ಕು ಜನರ ಬದಲು ಇಬ್ಬರು ಬೇಕಾದರು, ಒಬ್ಬ ತಳ್ಳಲು, ಇನ್ನೊಬ್ಬ ಎಳೆಯಲು. ಮೂರು ವಾರ ಹೀಗೇ ನಡೆಯಿತು. ಮಾವ ಬೇರೆ ಊರಿನ ಕೆಲಸದಲ್ಲಿದ್ದುದರಿಂದ ಅವರಿಗಿದು ಗೊತ್ತಿರಲಿಲ್ಲ. ಒಂದು ಬೆಳಗ್ಗೆ ಟೀ ಅಂಗಡಿ ಮುಚ್ಚಿತ್ತು. ಹಟ ಹಿಡಿದು ಒಬ್ಬಳೇ ಹತ್ತಲು ಹೋದೆ. ಮುಕ್ಕಾಲು ಏರಿದ್ದೆ, ಆ ನುಣುಪಿನ ಮೇಲೆ ಗಾಲಿ ನಿಲ್ಲಲಿಲ್ಲ. ಹಿಂದಕ್ಕೆ ಜಾರಿ ಕುರ್ಚಿಯ ಜೊತೆ ಮಗುಚಿಕೊಂಡೆ. ತುಟಿ ಒಡೆಯಿತು, ಮೊಣಕೈ ತರಚಿತು. ಹಿಂದಿನ ರಾತ್ರಿಯಷ್ಟೇ ಊರಿಗೆ ಬಂದು ಮತ್ತೆ ಕೆಲಸಕ್ಕೆ ಹೊರಟಿದ್ದ ಮಾವ ಕರಣೆ ಚೀಲ ಬಿಸಾಕಿ ಓಡಿ ಬಂದರು. ನನ್ನನ್ನು ಕೆಳಗಿನ ಮೆಟ್ಟಿಲ ಮೇಲೆ ಕೂರಿಸಿ, ನೀರು ಕುಡಿಸಿದರು.

"ಇದು ಆಗಲ್ಲ ಅಂತ ಯಾವಾಗ ಗೊತ್ತಾಯ್ತು?" ಎಂದು ಕೇಳಿದರು.

"ಮೊದಲ್ನೇ ದಿನಾನೇ, ಮಾವ."

"ಮತ್ಯಾಕಮ್ಮಿ ಯೇಳ್ನಿಲ್ಲ?"

"ಅಷ್ಟ್ ಆಸೆಯಿಂದ ಮಾಡಿದ್ರಿ..."

"ನಾ ಆಸೆಯಿಂದ ಮಾಡ್ದೆ ಅಂತ ನೀ ಬಿದ್ದು ಸಾಯ್ಬೇಕಾ?" ಅಂದರು. ಅವರ ಕೋಪ ನಾನು ಕಂಡದ್ದು ಅದೇ ಮೊದಲು. ನನ್ನ ಮೇಲಲ್ಲ ಅದು ಎಂದು ಆಮೇಲೆ ತಿಳಿಯಿತು.

ಮಗುಚಿದ್ದ ಕುರ್ಚಿ ಎತ್ತಿ ನಿಲ್ಲಿಸಿ ತಾವೇ ಅದರಲ್ಲಿ ಕೂತರು. ಕಾಲು ಊರದ ಹಾಗೆ ಎರಡೂ ಕಾಲನ್ನು ಟವೆಲ್ಲಿನಲ್ಲಿ ಬಿಗಿದುಕೊಂಡರು. ಇಟ್ಟಿಗೆ ಹೊತ್ತ ತೋಳು, ನನಗಿಂತ ಮೂರು ಪಟ್ಟು ಬಲ. ಅರ್ಧ ಏರಿ ಜಾರಿದರು. ಮತ್ತೆ ಏರಿದರು, ಜಾರಿದರು. ಮೂರನೇ ಸಲ ಜಾರಿ ಗೋಡೆಗೆ ಬಡಿದು ನಿಂತಾಗ ಅವರ ಕಣ್ಣಲ್ಲಿ ನೀರಿತ್ತು. ನಾನು ಬೇರೆ ಕಡೆ ನೋಡಿದೆ.

ಮಧ್ಯಾಹ್ನದೊಳಗೆ ದೊಡ್ಡ ಸುತ್ತಿಗೆ ತಂದು ಆ ಕೆಂಪು ಗಾರೆಯನ್ನು ತಾವೇ ಒಡೆದರು. ಪಂಚಾಯಿತಿಯಿಂದ ಓಡಿ ಬಂದವರೊಬ್ಬರು "ಏನ್ ಮೇಸ್ತ್ರಿ, ತಲೆ ಕೆಟ್ಟದಾ? ಫೋಟೋ ಅಪ್‌ಲೋಡ್ ಆಗೋಗದೆ" ಎಂದು ಕೂಗಾಡಿದರು.

"ಫೋಟೋ ರ‍್ಯಾಂಪು ಅತ್ತೋದಾದ್ರೆ ಅತ್ಲಿ ಬುಡಿ ಸೋಮಿ. ಈ ಮಗ ಅತ್ತಬೇಕಲ್ಲ" ಅಂದರು ಮಾವ, ಸುತ್ತಿಗೆ ಇಳಿಸದೆ.

ಎರಡನೆಯದನ್ನು ಕಟ್ಟಿದ ರೀತಿಯೇ ಬೇರೆ. ಮೊದಲು ಇಟ್ಟಿಗೆ ಜೋಡಿಸಿ ಸೆಂಟ್ರಿಂಗ್ ಹಲಗೆ ಹಾಸಿದರು. "ಅತ್ತು" ಅನ್ನುವರು. ನಾನು ಹತ್ತಿದರೆ ಪಕ್ಕದಲ್ಲಿ ಕುಕ್ಕರಗಾಲಲ್ಲಿ ಕೂತು ನನ್ನ ಉಸಿರು ಕೇಳುವರು. ಏದುಸಿರು ಬಂದರೆ ಒಂದು ಇಟ್ಟಿಗೆ ತೆಗೆಯುವರು, ಹಲಗೆ ಇನ್ನಷ್ಟು ಉದ್ದಕ್ಕೆ ಎಳೆಯುವರು. ಹಾಗೆ ಮಾಡುತ್ತಾ ಮಾಡುತ್ತಾ ಹಲಗೆ ಇಪ್ಪತ್ನಾಲ್ಕು ಅಡಿಗೆ ಬಂತು. ನಾನು ಪುಸ್ತಕದಲ್ಲಿ ಓದಿದ್ದ ಲೆಕ್ಕವನ್ನೇ ಅವರು ನನ್ನ ಉಸಿರಿನಲ್ಲಿ ಕಂಡುಹಿಡಿದಿದ್ದರು. ಆದರೆ ಅಷ್ಟುದ್ದ ನೇರಕ್ಕೆ ಕಟ್ಟಿದರೆ ರಸ್ತೆಯೇ ಮುಚ್ಚಿಹೋಗುತ್ತಿತ್ತು. ಕಟ್ಟಡದ ಗೋಡೆಗುಂಟ ಹನ್ನೆರಡು ಅಡಿ ಏರಿಸಿ, ಧ್ವಜದ ಕಟ್ಟೆಯ ಹತ್ತಿರ ಕುರ್ಚಿ ತಿರುಗುವಷ್ಟು ಸಮತಟ್ಟು ಮಾಡಿ, ಮತ್ತೆ ಹನ್ನೆರಡು ಅಡಿ ವಾಪಸ್ಸು ಏರಿಸಿ ಬಾಗಿಲಿಗೆ ಮುಟ್ಟಿಸಿದರು. ಗಾರೆ ಹಸಿಯಿದ್ದಾಗಲೇ ಕಡ್ಡಿ ಪೊರಕೆ ಎಳೆದು ಗಾಲಿ ಜಾರದ ಹಾಗೆ ಗೆರೆ ಹಾಕಿದರು. ಅಷ್ಟು ವರ್ಷ ನುಣುಪು ಮಾಡಿದ ಮನುಷ್ಯ ತಮ್ಮ ಕೈಯಾರೆ ಒರಟು ಮಾಡುವಾಗ ಮುಖ ಕಿವುಚಿಕೊಂಡಿದ್ದರು. ನೋಡಲು ಅಂಥ ಚೆಂದವೇನೂ ಇರಲಿಲ್ಲ, ನಾನೂ ಚೆನ್ನಾಗಿದೆ ಅನ್ನಲಿಲ್ಲ. ಬೀಗದ ಕೈ ಹಿಡಿದು ಕೆಳಗಿನಿಂದ ಮೇಲಿನವರೆಗೆ ಒಬ್ಬಳೇ ಹೋಗಿ ಬಾಗಿಲು ತೆಗೆದೆ. ಟೀ ಅಂಗಡಿಯವರು ಎದ್ದು ಬಂದವರು ಅಲ್ಲೇ ನಿಂತರು. 

ಆಮೇಲೆ ಮಾವನಿಗೆ ಇದೊಂದು ಹುಚ್ಚಾಯಿತು. ಬದನಗುಪ್ಪೆಯ ಕೈಗಾರಿಕಾ ಪ್ರದೇಶದಲ್ಲಿ ವೆಲ್ಡಿಂಗ್ ಮಾಡುತ್ತಿದ್ದ ಅಳಿಯನನ್ನು ಕರೆಸಿ, ನನ್ನ ಸೊಂಟದ ಅಳತೆ ಅವ್ವನ ಕೈಲಿ ದಾರದಲ್ಲಿ ತೆಗೆಸಿ, ಕುರ್ಚಿಯನ್ನು ಎರಡಿಂಚು ಕಿರಿದು ಮಾಡಿಸಿದರು. ಮುಂದೆ ನನಗೆ ಹೊಸ ಕುರ್ಚಿ ಬಂದಾಗ ಹಳೆಯದನ್ನು ಕೇಳಿ ತೆಗೆದುಕೊಂಡು ಹೋಗಿ ತಾವು ಕೆಲಸ ಮಾಡುವ ಕಟ್ಟಡಗಳಲ್ಲಿ ಇಟ್ಟುಕೊಂಡರು. ಮನೆ ಕಟ್ಟಿಸುವ ಯಜಮಾನನನ್ನೇ ಅದರಲ್ಲಿ ಕೂರಿಸಿ "ಪಡಸಾಲೆಯಿಂದ ಬಚ್ಚಲಿಗೆ ಓಗಿ ಬನ್ನಿ" ಅನ್ನುವರು. ಸಿಕ್ಕಿಕೊಂಡ ಕಡೆ ಬಾಗಿಲು ಅಗಲ ಮಾಡುವರು. ಕೆಲವರು ನಕ್ಕು ಕೂತರು. ಗುಂಡ್ಲುಪೇಟೆಯ ಒಬ್ಬರು ಮಾತ್ರ, ಹೊಸ ಮನೆಯ ಹೊಸ್ತಿಲು ಪೂಜೆಗೆ ಮುಂಚೆ ಕಾಲಿಲ್ಲದವರ ಕುರ್ಚಿಯಲ್ಲಿ ಕೂರಿಸುತ್ತೀಯಾ, ಅಪಶಕುನದವನೇ ಎಂದು ಬೈದು ಕೆಲಸ ಬಿಡಿಸಿದರು. ಮಾವ ಕುರ್ಚಿ ಮಡಚಿ ಗಾಡಿಗೆ ಕಟ್ಟಿಕೊಂಡು ಬಂದರು.

"ನಿಮಗೆ ಬೇಕಿತ್ತಾ ಮಾವ?" ಎಂದು ನಾನೇ ರೇಗಿದೆ.

"ಮುಪ್ಪು ಅನ್ನೋದು ಶಕುನ ಕೇಳ್ಕಂಡ್ ಬಂದದಾ ಕಣಮ್ಮಿ?" ಎಂದು ಎಲೆಗೆ ಸುಣ್ಣ ಸವರಿದರು.

ಎರಡು ವರ್ಷದ ಹಿಂದೆ ಅವರಿಗೆ ಕೆಮ್ಮು ಹತ್ತಿತು. ಕುಡಿದ ಧೂಳೆಲ್ಲ ಎದೆಯಲ್ಲಿ ಕೂತಿದೆ ಎಂದು ಚಾಮರಾಜನಗರದ ಡಾಕ್ಟರು ಹೇಳಿದರಂತೆ. ಕೊನೆಕೊನೆಗೆ ನಾಲ್ಕು ಹೆಜ್ಜೆ ಇಡಲೂ ಆಗುತ್ತಿರಲಿಲ್ಲ. ನೋಡಲು ಬರುತ್ತೇನೆಂದು ಹೇಳಿ ಕಳಿಸಿದೆ. ಅವರ ಮನೆ ಓಣಿಯೊಳಗೆ, ಮೂರು ಎತ್ತರದ ಸೈಜುಗಲ್ಲಿನ ಮೆಟ್ಟಿಲು. ಅಲ್ಲಿ ರ‍್ಯಾಂಪು ಹಾಕಲು ಜಾಗವೇ ಇಲ್ಲ. ನಾನು ಓಣಿ ತಿರುಗುವ ಹೊತ್ತಿಗೆ ಅವರ ಇಬ್ಬರು ಗಂಡುಮಕ್ಕಳು ಪ್ಲಾಸ್ಟಿಕ್ ಕುರ್ಚಿಯಲ್ಲಿ ಮಾವನನ್ನು ಕೂರಿಸಿ, ಎರಡೂ ಕಡೆ ಹಿಡಿದೆತ್ತಿ ಮೆಟ್ಟಿಲು ಇಳಿಸುತ್ತಿದ್ದರು. ಪಂಚೆ ಮೊಣಕಾಲಿನ ಮೇಲಕ್ಕೆ ಸರಿದಿತ್ತು. ಮಾವ ಕಣ್ಣನ್ನು ಎಲ್ಲಿ ಇಡಬೇಕೆಂದು ತಿಳಿಯದೆ ಸೂರಿನ ಕಡೆ ನೋಡುತ್ತಿದ್ದರು. ಆ ನೋಟ ನನಗೆ ಚೆನ್ನಾಗಿ ಗೊತ್ತು.

"ಇದ್ಯಾಕ್ ಮಾವ, ನಾನೇ ಒಳಕ್ಕೆ ಬರ್ತಿರ್ಲಿಲ್ವಾ?" ಅಂದೆ.

"ಹೆಂಗ್ ಬಂದಿಯೇ? ಎತ್ತಿಸ್ಕಂಡಾ?" ಕೆಮ್ಮು ಅಡಗುವವರೆಗೂ ಕಾದು, "ನಿಂಗದು ಬ್ಯಾಡ ಕಣ್ ಮಗ. ನಂದೇನು, ಇನ್ನೆರಡ್ ದಿನ" ಅಂದರು. ಆಮೇಲೆ ಮಳೆಯಲ್ಲಿ ರ‍್ಯಾಂಪಿನ ಮೇಲೆ ಗಾಲಿ ಜಾರುತ್ತದೆಯೇ ಎಂದು ಕೇಳಿದರು. ಇಲ್ಲ ಅಂದೆ. ನಿಜವನ್ನೇ ಹೇಳಿದ್ದೇನೆಯೇ ಎಂದು ನನ್ನ ಮುಖವನ್ನೇ ನೋಡಿ ತಿಳಿದುಕೊಂಡರು.

ಹತ್ತು ದಿನಕ್ಕೆ ತೀರಿಕೊಂಡರು. ಸುದ್ದಿ ಬಂದ ಕೂಡಲೇ ಗ್ರಂಥಾಲಯದ ಬಾಗಿಲು ಹಾಕಿ ಓಣಿಗೆ ಹೋದೆ. ಹೆಣವನ್ನು ಪಡಸಾಲೆಯಲ್ಲಿ ಮಲಗಿಸಿದ್ದರು, ಹೆಣ್ಣುಮಕ್ಕಳು ಸುತ್ತ ಕೂತಿದ್ದರು. ಅತ್ತೆ ಒಳಗಿನಿಂದಲೇ ನನ್ನನ್ನು ಕಂಡು, ಅಳುತ್ತಲೇ ಇಬ್ಬರು ಗಂಡುಮಕ್ಕಳಿಗೂ "ಎತ್ಕಂಡ್ ಬನ್ನಿ ಕಣ್ಲಾ ಆಚೆಗೆ, ಅಮ್ಮಿ ಮುಖ ನೋಡ್ಲಿ" ಅಂದರು. ಅವರಿಬ್ಬರೂ ಎದ್ದು ಅಪ್ಪನ ತಲೆಯ ಕಡೆಗೊಬ್ಬ ಕಾಲ ಕಡೆಗೊಬ್ಬ ಬಾಗಿದರು.

"ಬೇಡಿ, ಮಾವನ್ನ ಎತ್ತಬೇಡಿ" ಅಂದೆ. "ನನ್ನನ್ನ ಎತ್ಕೊಂಡ್ ಹೋಗಿ."

ಗ್ರಂಥಾಲಯಕ್ಕೆ ಒಬ್ಬಳೇ ಹತ್ತಿದ ದಿನದಿಂದ ಯಾರ ಬಾಯಲ್ಲೂ ಎತ್ತುವ ಮಾತು ಬರಗೊಡದವಳು ನಾನು. ಅವರಿಬ್ಬರೂ ಬಂದು ಕುರ್ಚಿ ಸಮೇತ ಎತ್ತಿ ಮೂರು ಮೆಟ್ಟಿಲು ಹತ್ತಿಸಿ, ಮಾವನ ತಲೆಯ ಪಕ್ಕದಲ್ಲಿ ಇಳಿಸಿದರು. ಸೀರೆ ಸರಿದಿತ್ತು, ಸರಿಮಾಡಿಕೊಳ್ಳಲಿಲ್ಲ. ಎತ್ತಿಸಿಕೊಂಡದ್ದಕ್ಕೆ ನನಗೆ ಅವತ್ತು ಒಂದಿಷ್ಟೂ ನಾಚಿಕೆಯಾಗಲಿಲ್ಲ.